ಕೆಳಗಿನ ಮನೆಯವರ ಪಿಂಗಾಣಿ ಲೋಟ

ಮೊನ್ನೆ ಆಸ್ಟಿನ್‌ನ ದ ಡೊಮೇನ್ ಬಡಾವಣೆಯಲ್ಲಿರುವ ನಮ್ಮ ಆಫೀಸಿನ ಪ್ಯಾಂಟ್ರಿಯಲ್ಲಿ ಬೆಂಗಳೂರಿನ ಸಹೋದ್ಯೋಗಿಯೊಬ್ಬಳು ಮಲ್ಲಿಗೆ ಟೀ ಡಬ್ಬಿ ತೆರೆದಳು. ಬಿಸಿನೀರು ಬಿದ್ದದ್ದೇ ತಡ, ಇದೇ ರಾಜ್ಯದ ಲೂಯಿಸ್‌ವಿಲ್‌ನಲ್ಲಿ ನಾವು ಮೊದಲಿದ್ದ ಹಳೆಯ ಅಪಾರ್ಟ್‌ಮೆಂಟಿನ ಮೆಟ್ಟಿಲು ಮೂಗಿಗೆ ಬಂತು. ಮೆಟ್ಟಿಲು ಮೂಗಿಗೆ ಬರುವುದುಂಟೇ ಎಂದು ನಗಬೇಡಿ. ಆ ಮೆಟ್ಟಿಲ ಬುಡದಲ್ಲಿ ಕೆಳಗಿನ ಮನೆಯ ಚೀನೀ ಅಂಕಲ್ ಮುಚ್ಚಳದ ಪಿಂಗಾಣಿ ಲೋಟ ಹಿಡಿದು ಕೂತಿರುತ್ತಿದ್ದರು...

ಆಗ ನನಗೆ ಮದುವೆಯಾಗಿ ಎಂಟು ತಿಂಗಳು. ಗಂಡ ಬೆಳಿಗ್ಗೆ ಆಫೀಸಿಗೆ ಹೋದರೆ ಬರುವುದು ಸಂಜೆಗೆ. ನನ್ನ ವೀಸಾದಲ್ಲಿ ಕೆಲಸ ಮಾಡುವಂತಿರಲಿಲ್ಲ, ಡ್ರೈವಿಂಗೂ ಬರುತ್ತಿರಲಿಲ್ಲ. ಮೈಸೂರಿನಲ್ಲಿ ಬೀದಿಗೊಬ್ಬಳು ಗೆಳತಿ ಇದ್ದವಳು ನಾನು. ಇಲ್ಲಿ ದಿನವಿಡೀ ಬಾಯಿ ಬಿಡದೆ ಕೂತು, ಸಂಜೆ ಮಾತಾಡಲು ಹೋದರೆ ಗಂಟಲು ಕಟ್ಟಿರುತ್ತಿತ್ತು. ಒಂಟಿತನ ಹೇಗಿರುತ್ತದೆ ಎಂದು ಯಾರಾದರೂ ಕೇಳಿದರೆ ಆ ಗಂಟಲನ್ನೇ ಹೇಳುತ್ತೇನೆ.

ಅಂಕಲ್ ಮಗಳ ಜೊತೆ ಇದ್ದರು. ಮಧ್ಯಾಹ್ನ ಮೆಟ್ಟಿಲಿಳಿದು ಅವರ ಎದುರು ಕೂತು ಇಂಗ್ಲಿಷಿನಲ್ಲಿ ಹರಟುವುದು ನನಗೆ ದಿನದ ರೂಢಿಯಾಯಿತು. ಬೀಜಿಂಗ್‌ನಲ್ಲಿ ಸರ್ಕಾರದ ದುಭಾಷಿಯಾಗಿ ನಿವೃತ್ತರಾದವರು. ವಿದೇಶಿ ಅತಿಥಿಗಳ ಔತಣಗಳಲ್ಲಿ ಇಬ್ಬರು ದೊಡ್ಡ ಮನುಷ್ಯರ ನಡುವೆ, ತುಸು ಹಿಂದೆ, ಇವರ ಕುರ್ಚಿ. ಮುಂದೆ ತಟ್ಟೆ ಇರುತ್ತಿರಲಿಲ್ಲವಂತೆ. ಹೊರಡುವ ಮುಂಚೆ ಒಂದಿಷ್ಟು ನೂಡಲ್ಸ್ ನುಂಗಿಕೊಂಡು ಹೋಗುತ್ತಿದ್ದರಂತೆ. ನಾನು ಮೊದಲ ಸಲ ಚಿತ್ರಾನ್ನ ಕೊಟ್ಟಾಗ ಒಂದು ಮಾತೂ ಆಡದೆ ತಿಂದರು. ರುಚಿಸಲಿಲ್ಲವೇನೋ ಎಂದು ಪೆಚ್ಚಾದೆ. ಮಾತಾಡುವ ಗೋಜಿಲ್ಲದೆ ಊಟ ಮಾಡುವುದೇ ಅವರಿಗೆ ದೊಡ್ಡ ಸುಖ ಎಂದು ಆಮೇಲೆ ತಿಳಿಯಿತು.

ಆ ಕೆಲಸದಲ್ಲಿ ‘ಸ್ನೇಹಿತ’ ಎಂಬ ಮಾತಿಗೂ ದರ್ಜೆಗಳಿದ್ದವಂತೆ. ಮೊದಲ ಸಲ ಬಂದವನು ವಿದೇಶಿ ಸ್ನೇಹಿತ. ಮತ್ತೆ ಬಂದು ನಾಲ್ಕು ಒಳ್ಳೆಯ ಮಾತಾಡಿದವನು ಹಳೆಯ ಸ್ನೇಹಿತ. ‘ನಮ್ಮ ಕಷ್ಟ ಹಳೆಯ ಸ್ನೇಹಿತರಿಗೆ ಅರ್ಥವಾಗುತ್ತದೆ’ ಎಂದು ಭಾಷಣ ಶುರುವಾಯಿತೆಂದರೆ ಅವನಿಂದ ಏನೋ ಕೆಲಸ ಆಗಬೇಕಿದೆ ಎಂದೇ ಅರ್ಥ. ಅವನು ಊರಿಗೆ ಹೋಗಿ ಟೀಕಿಸಿ ಬರೆದನೋ, ಮುಂದಿನ ಔತಣದಲ್ಲಿ ಆ ಪದ ಮಾಯ. ಅಂಕಲ್ ನಗುತ್ತಾ ಹೇಳುತ್ತಿದ್ದರು, ನಾನೂ ನಗುತ್ತಿದ್ದೆ. ಕಿವಿಗೆ ಹಾಕಿಕೊಂಡೆನೇ ಹೊರತು ತಲೆಗೆ ಹಾಕಿಕೊಳ್ಳಲಿಲ್ಲ.

ಚೀನೀ ಹೊಸವರ್ಷಕ್ಕೆ ಹ್ಯೂಸ್ಟನ್‌ನ ಅವರ ಸಂಘದಲ್ಲಿ ಒಂದು ಮಧ್ಯಾಹ್ನದೂಟವಿತ್ತು. ಮಗಳಿಗೆ ರಜೆ ಸಿಗದೆ ನನ್ನ ಗಂಡನೇ ನಾಲ್ಕು ಗಂಟೆ ಡ್ರೈವ್ ಮಾಡಿದ. ಅಲ್ಲಿನವರು ಅಂಕಲ್ ಕೈಗೆ ಮೈಕ್ ಕೊಟ್ಟು ಅತಿಥಿಗಳನ್ನು ಪರಿಚಯಿಸಿ ಎಂದರು. ಅವರ ಬೆನ್ನು ನೆಟ್ಟಗಾಯಿತು, ದನಿಯೇ ಬೇರೆಯಾಯಿತು. ಮನೆ ಮಾರಿಸುವ ಏಜೆಂಟ್ ಹಳೆಯ ಸ್ನೇಹಿತ. ಅದೇ ದಿನ ಕೈಕುಲುಕಿದ ಬ್ಯಾಂಕಿನವನು ಸ್ನೇಹಿತ. ನನ್ನ ಗಂಡನೂ ಭಾರತದ ಸ್ನೇಹಿತ! ನಾನು ಸೆರಗು ಸರಿಮಾಡಿಕೊಂಡು ಕಾದೆ. ನನ್ನ ಹತ್ತಿರ ಬಂದಾಗ ದನಿ ತಗ್ಗಿತು.

“ಇವಳು ನಮ್ಮ ಮೇಲಿನ ಮನೆಯವಳು,” ಅಂದರು. ಅಷ್ಟೇ.

ವಾಪಸು ಬರುವಾಗ ಕಣ್ಣಲ್ಲಿ ನೀರು. ಊರೆಲ್ಲಾ ಸ್ನೇಹಿತರು, ದಿನಾ ಎದುರು ಕೂರುವ ನಾನು ಬರೀ ಮೇಲಿನ ಮನೆಯವಳಾ ಎಂದು ಗಂಡನ ಹತ್ತಿರ ಕನ್ನಡದಲ್ಲಿ ಗೊಣಗಿದೆ. “ವಯಸ್ಸಾದೋರು, ಬಿಡೇ. ಅಷ್ಟಕ್ಕೆಲ್ಲಾ ಬೇಜಾರು ಮಾಡ್ಕೋತಾರಾ?” ಅಂದ. ಹಿಂದಿನ ಸೀಟಿನಲ್ಲಿ ಅಂಕಲ್ ಕೂತಿದ್ದರು. ಜೀವಮಾನವಿಡೀ ಇಬ್ಬರ ನಡುವೆ ಕೂತು ಮಾತು ದಾಟಿಸಿದವರಿಗೆ ಆ ಧಾಟಿ ತಿಳಿಯದೇ ಇದ್ದೀತೇ...

ಆಮೇಲೆ ನಾನು ಮೆಟ್ಟಿಲಲ್ಲಿ ಕೂರುವುದನ್ನು ಬಿಟ್ಟೆ. ಚಿತ್ರಾನ್ನ ಮಾಡಿದರೂ ಕೆಳಗೆ ಕೊಡಲಿಲ್ಲ. ನನ್ನ ಬುದ್ಧಿಗಿಷ್ಟು! ಒಂದು ಮಧ್ಯಾಹ್ನ ಬಾಗಿಲಿಗೆ ಮೂರು ಸಲ ಮೆಲ್ಲಗೆ ತಟ್ಟಿದ್ದು ಕೇಳಿಸಿತು. ಅವರೇ ಎಂದು ಗೊತ್ತಿತ್ತು. ಸೋಫಾದಿಂದ ಏಳಲಿಲ್ಲ. ಸಂಜೆ ಗಂಡ ಬರುವಾಗ ಬಾಗಿಲ ಬಳಿ ಇದ್ದ ಅವರ ಪಿಂಗಾಣಿ ಲೋಟ ತಂದ. ತೊಳೆದು ಒರೆಸಿದ್ದರು, ಒಳಗೆ ಪೊಟ್ಟಣದಲ್ಲಿ ಒಂದು ಹಿಡಿ ಮಲ್ಲಿಗೆ ಟೀ. ಕೆಳಗೆ ಓಡಿದೆ. ಅಂಕಲ್ ಊರಿಗೇ ವಾಪಸೆಂದು ಬೀಜಿಂಗ್ ವಿಮಾನಕ್ಕೆ ಹೊರಟುಹೋಗಿದ್ದರು.

ಕೆಲವು ವರ್ಷಗಳ ನಂತರ, ನಾವು ಆಸ್ಟಿನ್‌ಗೆ ಶಿಫ್ಟ್ ಆದ ಮೇಲೆ, ಅಂಗಡಿಯೊಂದರಲ್ಲಿ ಅವರ ಮಗಳು ಸಿಕ್ಕಳು. ಅಂಕಲ್ ತೀರಿಕೊಂಡು ಒಂದು ವರ್ಷವಾಗಿತ್ತು. ನಾಚಿಕೆ ಬಿಟ್ಟು ಹ್ಯೂಸ್ಟನ್ನಿನ ವಿಷಯ ಹೇಳಿಬಿಟ್ಟೆ.

“ಅಪ್ಪ ‘ಸ್ನೇಹಿತ’ ಅನ್ನೋ ಮಾತನ್ನ ಕೆಲಸಕ್ಕೆ ಮಾತ್ರ ಇಟ್ಕೊಂಡಿದ್ರು. ನಿಮ್ಮ ಜೊತೆ ಅವರು ಯಾವತ್ತೂ ಕೆಲಸದಲ್ಲಿರ್ಲಿಲ್ಲ,” ಅಂದಳು.

ಅವರೇ ಎಲ್ಲ ಬಿಡಿಸಿ ಹೇಳಿದ್ದರಲ್ಲ. ನಾನೇ ಕೇಳಿಸಿಕೊಳ್ಳಲಿಲ್ಲ. ಬಾಗಿಲನ್ನೂ ತೆರೆಯಲಿಲ್ಲ.

ಮೊನ್ನೆ ಪ್ಯಾಂಟ್ರಿಯಲ್ಲಿ ಆ ಹುಡುಗಿ ನನ್ನ ಲೋಟ ನೋಡಿ, “ತುಂಬಾ ಚೆನ್ನಾಗಿದೆ, ಯಾರು ಕೊಟ್ಟಿದ್ದು?” ಅಂದಳು. ಸ್ನೇಹಿತರೊಬ್ಬರು ಎಂದು ನಾಲಿಗೆಯ ತುದಿಗೆ ಬಂದದ್ದನ್ನು ನುಂಗಿಕೊಂಡೆ.

“ಕೆಳಗಿನ ಮನೆಯವರು.”

“ನಿಮ್ಮದು ಸ್ವಂತ ಮನೆ ಅಲ್ವಾ? ಕೆಳಗೆ ಯಾರಿದ್ದಾರೆ?”

ಲೋಟಕ್ಕೆ ಮುಚ್ಚಳ ಹಾಕಿದೆ. ಈಗ ಯಾರೂ ಇಲ್ಲ, ಅಂದೆ.