ಘಟ್ಟದ ಮೇಲೊಂದು ಮಾಳಿಗೆ

ಅಕ್ಕಲಕೋಟೆಯ ಕಚೇರಿಯಲ್ಲಿ ಕಾರಕೂನರಾಗಿದ್ದ ಮಲಕಪ್ಪನವರು ಬರೆದ ಮೂರು ಕಾದಂಬರಿಗಳೂ ಘಟ್ಟದ ಹಳ್ಳಿಗಳ ಮೇಲೆಯೇ. ಸ್ವತಃ ಅವರು ಗುಡ್ಡ ಹತ್ತಿದ್ದು ಒಂದೇ ಸಲ, ಮದುವೆಯಾದ ವರ್ಷ. ಅದೂ ಅರ್ಧಕ್ಕೇ ಕೂತುಬಿಟ್ಟಿದ್ದರು. ಆದರೂ ಓದುವವರಿಗೆ ಏದುಸಿರು ಬರುವಂಥ ಏರುದಾರಿ ಬರೆಯುತ್ತಿದ್ದರು, ಪುಣ್ಯಾತ್ಮರು! ಬರೆದದ್ದೆಲ್ಲ ಸಂಜೆ, ತಮ್ಮ ಮನೆಯ ಸಮತಟ್ಟಾದ ಮಣ್ಣಿನ ಚಾವಣಿಯ, ಅಂದರೆ ಮಾಳಿಗೆಯ, ಮೇಲೆ ಚಾಪೆ ಹಾಸಿಕೊಂಡು, ಕಣ್ಣು ಹಾಯುವಷ್ಟೂ ಸಪಾಟಾಗಿ ಬಿದ್ದ ಜೋಳದ ಹೊಲಗಳನ್ನು ನೋಡುತ್ತ. ಪಕ್ಕದಲ್ಲಿ ಹೆಂಡತಿ ರತ್ನಾಬಾಯಿ ಒಣಗಿದ ಹಪ್ಪಳ ತೆಗೆಯುತ್ತಿದ್ದರು.

೧೯೭೪ರಲ್ಲಿ ಮೂರನೆಯ ಕಾದಂಬರಿ ಓದಿದ ಖಾನಾಪುರ ಘಟ್ಟದ ತುಕಾರಾಮ ಮಾಸ್ತರರು ಕಾರ್ಡು ಬರೆದರು: "ನಿಮ್ಮ ನಾಯಕಿ ಮನೆಯ ಮೇಲೆ ಹತ್ತಿ ಹಪ್ಪಳ ಒಣಗಿಸುತ್ತಾಳೆ. ನಮ್ಮ ಕಡೆ ಇಳಿಜಾರು ಹೆಂಚಿನ ಮನೆಗಳು. ಹಪ್ಪಳದ ಜೊತೆ ಆಕೆಯೂ ಕಣಿವೆಗೆ ಹೋಗುತ್ತಾಳೆ."

"ಮಾಳಿಗಿ ಇಲ್ಲದ ಮನಿನೂ ಇರ್ತಾವೇನು?" ಎಂದು ಮಲಕಪ್ಪನವರು ಎರಡು ದಿನ ಸರಿಯಾಗಿ ಉಣ್ಣಲಿಲ್ಲ.

"ಎರಡನೇ ಸಲ ಅಚ್ಚು ಹಾಕೂಮುಂದ ತಿದ್ರಿ," ಎಂದು ರತ್ನಾಬಾಯಿ ನಕ್ಕರು. "ಆ ಮಾಸ್ತರನ್ನ ಊಟಕ್ಕ ಕರೀರಿ."

ದೀಪಾವಳಿ ರಜೆಯಲ್ಲಿ ಮಾಸ್ತರರು ಬಂದೇಬಿಟ್ಟರು. ಮಲಕಪ್ಪನವರು ಅವರನ್ನು ಮಾಳಿಗೆಗೆ ಕರೆದೊಯ್ದು, ತಿದ್ದಿದ ಪುಟವನ್ನು ಕೈಗಿತ್ತರು. ನಾಯಕಿ ಈಗ ಅಂಗಳಕ್ಕೆ ಇಳಿದಿದ್ದಳು. ಮಾಸ್ತರರು ಅದನ್ನು ಓದಲೇ ಇಲ್ಲ. ರತ್ನಾಬಾಯಿ ತಂದ ಶೇಂಗಾ ಹೋಳಿಗೆ ತಿನ್ನುತ್ತ, ಯಾವ ಗುಡ್ಡವೂ ಅಡ್ಡ ಬರದ ಆಕಾಶವನ್ನು ಬಹಳ ಹೊತ್ತು ನೋಡಿದರು. ಕೆಳಗಿಳಿಯುವಾಗ ಪುಟವನ್ನು ಮರಳಿ ಕೊಟ್ಟರು.

"ತಿದ್ದಬ್ಯಾಡ್ರಿ. ನಮ್ಮ ಹೆಣ್ಮಕ್ಕಳಿಗೆ ಪುಸ್ತಕದಾಗರ ಒಂದು ಮಾಳಿಗಿ ಇರ್ಲಿ."