ಎತ್ತಿಕೊಡದ ಮಾತು

ಗೆಳೆಯ ತೀರಿಕೊಂಡು ಒಂಬತ್ತು ದಿನವಾಯಿತು. ಫೋನ್ ಮಾಡಿದವರೆಲ್ಲ ಅವನ ಒಂದೊಂದು ಜೋಕು ಹೇಳಿ ನಗುತ್ತಾರೆ. ನಾನೂ ನಗುತ್ತೇನೆ. ಫೋನ್ ಇಟ್ಟ ಮೇಲೆ ಯಾರು ಮಾಡಿದ್ದರೆಂಬುದು ನೆನಪಿರುವುದಿಲ್ಲ.

ಅಂಚೆ ಕಚೇರಿಯಲ್ಲಿ ಪಾರ್ಸೆಲ್ ತೂಗುವುದು ಅವನ ಕೆಲಸ. ಹಳೆಯ ಫಾರಂಗಳ ಹಿಂಬದಿಯಲ್ಲಿ ಹತ್ತೊಂಬತ್ತು ನಗೆನಾಟಕ ಬರೆದ. ಎಲ್ಲದರಲ್ಲೂ ಮುಖ್ಯ ಪಾತ್ರ ತಾನೇ ಮಾಡಿದ. "ನಾಟಕ ಬಿದ್ರೆ ನಟ ಬರೆದೋನನ್ನ ಬೈಬಹುದು, ಬರೆದೋನು ನಟನ್ನ ಬೈಬಹುದು. ಹೊರಗಿನೋರ ಕಾಟ ಇಲ್ಲ" ಎನ್ನುತ್ತಿದ್ದ. ನನಗಿಂತ ನಾಲ್ಕು ವರ್ಷ ದೊಡ್ಡವನು. ಅವನ ಹೆಂಡತಿ ನನಗೆ ಅತ್ತಿಗೆ.

ನಾನು ಪ್ರಾಂಪ್ಟರ್. ಪುಸ್ತಕ ಹಿಡಿದು ಪಕ್ಕದ ಪರದೆಯ ಹಿಂದೆ ಕೂತು, ನಟರು ಮರೆತ ಮಾತನ್ನು ಎತ್ತಿಕೊಡುವವನು. ಇಪ್ಪತ್ತಾರು ವರ್ಷ ಅದನ್ನೇ ಮಾಡಿದೆ. ದನಿ ಸ್ವಲ್ಪ ಏರಿದರೆ ಸಾಕು, "ಲೇ, ಮಾತು ಕೊಡು ಅಂದ್ರೆ ಮಾನ ಹರಾಜು ಹಾಕ್ತೀಯಲ್ಲೋ!" ಎಂದು ರೇಗುತ್ತಿದ್ದ.

ಕೊನೆಯ ನಾಟಕದಲ್ಲಿ ಅವನದು ಡಾಕ್ಟರ ಪಾತ್ರ. ಮೂರನೆಯ ಪ್ರದರ್ಶನದಲ್ಲಿ ರೋಗಿಯ ನಾಡಿ ಹಿಡಿದವನು ಹಾಗೇ ನಿಂತುಬಿಟ್ಟ. ನಾನು ಪಿಸುಗುಟ್ಟುವ ಮೊದಲೇ ಬಾಯಿಗೆ ಬಂದದ್ದು ಹೇಳಿದ: "ಅಂದಹಾಗೆ, ನಮ್ಮಿಬ್ರಲ್ಲಿ ಕಾಯಿಲೆ ಯಾರಿಗೆ?" ಜನ ಬಿದ್ದು ಬಿದ್ದು ನಕ್ಕರು. ಮರುದಿನ ನನ್ನ ಪುಸ್ತಕ ತೆಗೆದುಕೊಂಡು, ಆ ಮಾತು ಸೇರಿಸಿ, ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ ಬರೆದ: 'ಇಲ್ಲಿ ಮರೆಯುವುದು. ಎತ್ತಿಕೊಡಬೇಡ.'

"ನಿನ್ನೆ ನಿಜವಾಗ್ಲೂ ಮರೆತ್ಯಾ?" ಎಂದೆ.

"ನಿನ್ನೆ ಒಂದೇ ಅಲ್ಲ ಕಣೋ, ಸುಮಾರು ದಿನದಿಂದ. ತೂಕ ನೋಡ್ತೀನಿ, ಬರೆಯೋಷ್ಟರಲ್ಲಿ ಹೋಗಿರುತ್ತೆ. ನಿಮ್ಮ ಅತ್ತಿಗೆಗೆ ಹೇಳ್ಬೇಡ. ಸ್ಟೇಜ್ ಬಿಡಿಸಿ ಆಸ್ಪತ್ರೆಗೆ ಎಳ್ಕೊಂಡು ಹೋಗ್ತಾಳೆ. ನೀನಿದ್ದೀಯಲ್ಲ, ನಡೆಯುತ್ತೆ."

ಒಂದು ವರ್ಷ ನಡೆಯಿತು. ಅವನು ತಪ್ಪಿದಲ್ಲೆಲ್ಲ ಎತ್ತಿಕೊಟ್ಟೆ, ಯಾರಿಗೂ ಗೊತ್ತಾಗಲಿಲ್ಲ. ನಲವತ್ತನೆಯ ಪ್ರದರ್ಶನದಲ್ಲಿ ಎಂದಿನಂತೆ ನಾಡಿ ಹಿಡಿದು ಸುಮ್ಮನಾದ. ಜನ ನಕ್ಕರು. ಅವನು ನನ್ನ ಕಡೆ ತಿರುಗಿದ. ನನ್ನ ಬೆರಳು ಕೆಂಪು ಸಾಲಿನ ಮೇಲಿತ್ತು. ಸಭೆ ತುಂಬಿದೆ, ಬೇಕೆಂದೇ ಎಳೆಯುತ್ತಿದ್ದಾನೆ ಎಂದುಕೊಂಡೆ. ನಗು ನಿಂತಿತು. ಆಗಲೂ ನಾನು ಬಾಯಿ ಬಿಡಲಿಲ್ಲ. ಕೊನೆಗೆ ರೋಗಿಯ ಪಾತ್ರದವನೇ "ಡಾಕ್ಟ್ರೇ, ಕಾಯಿಲೆ ನಂಗೆ!" ಎಂದು ದೃಶ್ಯ ದಾಟಿಸಿದ.

ಬಣ್ಣ ಅಳಿಸುತ್ತ ಕೇಳಿದ: "ಯಾಕೋ ಕೊಡ್ಲಿಲ್ಲ?"

"ಎತ್ತಿಕೊಡಬೇಡ ಅಂತ ಬರ್ದಿತ್ತಲ್ಲ."

"ಹೌದಲ್ವಾ" ಎಂದ. ಬಿಳಿ ಕೋಟು ಬಿಚ್ಚಿ ರೋಗಿಯ ಪಾತ್ರದವನ ಕೈಗಿಟ್ಟ. ಮತ್ತೆ ರಂಗ ಹತ್ತಲಿಲ್ಲ. ಆಮೇಲೆ ಎರಡು ವರ್ಷ ಬದುಕಿದ. ಒಂದು ಸಾಲೂ ಬರೆಯಲಿಲ್ಲ.

ನಿನ್ನೆ ಅತ್ತಿಗೆ ಅವನ ಬಟ್ಟೆಗಳನ್ನು ಮಡಿಸುತ್ತ ಕೂತಿದ್ದರು. "ಸ್ಟೇಜ್ ಬಿಟ್ಮೇಲೆ ಕರ್ಕೊಂಡು ಹೋದಾಗ, ಒಂದು ವರ್ಷ ಮುಂಚೆನೇ ಬರಬೇಕಿತ್ತು ಅಂದಿದ್ರು ಆಸ್ಪತ್ರೆಯೋರು. ನಿಮಗೆ ಗೊತ್ತಿತ್ತಾ?"

"ಗೊತ್ತಿತ್ತು ಅತ್ತಿಗೆ. ಹೇಳ್ಬೇಡ ಅಂದಿದ್ದ."

"ಅವರು ಏನು ಹೇಳಿದ್ರೂ ಕೇಳ್ತಿದ್ರಲ್ಲ ನೀವು" ಎಂದರು. ಬೈಯಲಿಲ್ಲ. ಹೊದಿಕೆಯೊಂದನ್ನು ಬಿಡಿಸಿ ಒಂದು ತುದಿಯನ್ನು ನನ್ನತ್ತ ಚಾಚಿದರು. ನಾನು ಹಿಡಿದುಕೊಂಡೆ.