ಖಂಡೇನವಮಿಗೆ ತೆರೆದ ಡಬ್ಬಿ

ಶಹಾಬಜಾರದಲ್ಲಿ ನನ್ನ ಪಕ್ಕದ ಮನೆಯ ಅಜ್ಜಿ ಒಬ್ಬ ಚಿತ್ರನಟನ ಮಗಳು. ಯಾವ ನಟ ಎಂದು ಕೇಳಬೇಡಿ, ಹೇಳಿದರೂ ನಿಮಗೆ ಗೊತ್ತಾಗುವುದಿಲ್ಲ. ಮೂಕಿ ಚಿತ್ರಗಳ ಕಾಲದಲ್ಲಿ ಮುಂಬೈಗೆ ಓಡಿಹೋಗಿ, ರಾಜರ ಹಿಂದೆ ಭರ್ಜಿ ಹಿಡಿದು ನಿಂತು, ಚಿತ್ರಗಳಿಗೆ ಮಾತು ಬಂದೊಡನೆ ಸದ್ದಿಲ್ಲದೆ ಕಮಲಾಪುರಕ್ಕೆ ಮರಳಿದ ಮಹಾಶಯ. ಮಗಳು ಅಂಬೆಗಾಲಿಡುವ ಮೊದಲೇ ತೀರಿಕೊಂಡ. ಬಣ್ಣ ಹಚ್ಚಿದವನೆಂಬ ಸಿಟ್ಟಿಗೆ ಅವನ ಅಪ್ಪ ಫೋಟೋಗಳನ್ನೆಲ್ಲ ಬಾವಿಗೆ ಎಸೆದಿದ್ದನಂತೆ. ಹೀಗಾಗಿ ಅಜ್ಜಿಗೆ ತಂದೆಯ ಮುಖವೇ ಗೊತ್ತಿರಲಿಲ್ಲ.

ಮುಖ ಉಳಿದದ್ದು ಒಂದೇ ಕಡೆ: ಕಮಲಾಪುರದಲ್ಲಿ ಅವಳ ಅಣ್ಣನ ಮಗನ ದೇವರಕೋಣೆಯಲ್ಲಿದ್ದ ತಗಡಿನ ಡಬ್ಬಿಯೊಳಗೆ, ಅವನು ಮುಂಬೈಯಿಂದ ತಂದಿದ್ದ ಫಿಲಂ ಸುರುಳಿಯಲ್ಲಿ. ಖಂಡೇನವಮಿಯ ದಿನ ಮನೆಯ ಹತಾರಗಳನ್ನು ಪೂಜಿಸುವಾಗ, ಅದೂ ಅಜ್ಜನ ಹತಾರವೆಂದು, ಕುಡಗೋಲು ಮತ್ತು ಲ್ಯಾಪ್‌ಟಾಪಿನ ನಡುವೆ ಇಟ್ಟು ಕುಂಕುಮ ಹಚ್ಚುತ್ತಿದ್ದರು. ಮುಚ್ಚಳ ಮಾತ್ರ ಯಾರೂ ತೆಗೆದಿರಲಿಲ್ಲ. ಕಲೆಯ ಮೇಲೆ ಅಷ್ಟು ಗೌರವ.

ಹೋದ ವರ್ಷ ಅಜ್ಜಿ ಹಟ ಹಿಡಿದಳು. “ಸಾಯೂದ್ರಾಗ ನಮ್ಮಪ್ಪನ ಮಾರಿ ಒಮ್ಮೆ ನೋಡ್ತೀನಿ. ಗಾಡಿ ತೆಗಿ.”

ಖಂಡೇನವಮಿಯ ದಿನವೇ ಕಮಲಾಪುರಕ್ಕೆ ಹೋಗಿ, ದೇವರಕೋಣೆಯಲ್ಲಿ ಸ್ಕ್ರೂಡ್ರೈವರಿನಿಂದ ಮುಚ್ಚಳ ಎಬ್ಬಿಸಿದೆವು. ಹುಳಿ ವಾಸನೆ ಹೊಡೆಯಿತು. ಅಜ್ಜಿಯ ಕಣ್ಣು ಮಂಜಾಗಿದ್ದರಿಂದ ನಾನೇ ಸುರುಳಿಯ ತುದಿ ಬಿಚ್ಚಿ ಕಿಟಕಿಯ ಬೆಳಕಿಗೆ ಹಿಡಿದೆ. ಎಡಗಡೆ ಕೊನೆಯ ಭರ್ಜಿಯವನೇ ನಮ್ಮಜ್ಜ ಎಂದು ಆ ಮನೆಯಲ್ಲಿ ಹೇಳುತ್ತ ಬಂದಿದ್ದರು. ಸಿಕ್ಕ, ಎಳ್ಳುಕಾಳಿನಷ್ಟು ಮುಖ. ಅಜ್ಜಿಗೆ ಭೂತಗನ್ನಡಿ ತರಲು ಸುರುಳಿಯನ್ನು ಡಬ್ಬಿಯಲ್ಲಿಟ್ಟು ತಿರುಗಿದರೆ, ಅಣ್ಣನ ಮಗ ಕರ್ಪೂರ ಹಚ್ಚಿದ ಆರತಿ ತಟ್ಟೆ ಹಿಡಿದು ಬಂದಿದ್ದ.

“ಹಳೇ ಫಿಲಂರೀ, ಪಟಾಕಿ ಮದ್ದು ಇದ್ದಂಗ. ಬೆಂಕಿ ದೂರ ಇಡ್ರಿ,” ಎಂದೆ.

“ಇಷ್ಟು ವರ್ಷ ಮುಚ್ಚಳಕ್ಕ ಆರತಿ ಮಾಡೇವಿ. ಇವತ್ತ ಅಜ್ಜ ಖುದ್ದ ದರ್ಶನ ಕೊಟ್ಟಾನ, ಬಿಡ್ತೀವೇನ್ರೀ? ನೀವು ಡಿಗ್ರಿ ಮಾಡಿದವ್ರು ಊದಿನಕಡ್ಡಿಗೂ ಅಂಜತೀರಿ.”

ಒಂದು ಸುತ್ತು ಪೂರ್ತಿಯಾಗಲಿಲ್ಲ, ಸುರುಳಿಗೆ ಕಿಡಿ ತಾಗಿತು. ಜೀವಮಾನವಿಡೀ ಪರರ ಹಿಂದೆ ನಿಂತವನು ಭುಸ್ಸೆಂದು ಇಡೀ ಕೋಣೆ ತುಂಬಿದ. ಭಕ್ತ ಮಹಾಶಯ ತಂಬಿಗೆ ನೀರು ಸುರಿದರೆ, ಬೆಂಕಿ ನೀರಿನೊಳಗೂ ಉರಿಯಿತು. ಹಳದಿ ಹೊಗೆಯಲ್ಲಿ ಬಾಗಿಲು ಕಾಣಲಿಲ್ಲ. ಅಜ್ಜಿಯ ಕೈ ಎಲ್ಲಿ, ಗೋಡೆ ಎಲ್ಲಿ ಎಂದು ತಡವರಿಸಿದ ಆ ಗಳಿಗೆ ಈಗಲೂ ಯಾರಾದರೂ ಕಡ್ಡಿ ಗೀರಿದರೆ ಸಾಕು, ಮೊದಲಿನಿಂದ ಶುರುವಾಗುತ್ತದೆ.

ಹೇಗೋ ಎಲ್ಲರೂ ಅಂಗಳಕ್ಕೆ ಬಿದ್ದೆವು. ನನ್ನ ಹುಬ್ಬು ಸುಟ್ಟಿತ್ತು. ಅಣ್ಣನ ಮಗ ಕೆಮ್ಮುತ್ತಲೇ, “ಅಜ್ಜಂದು ಪವರ್ ನೋಡಿದ್ರೇನು?” ಎಂದ.

ಅಜ್ಜಿ ಅವನ ಕಡೆ ತಿರುಗಲೂ ಇಲ್ಲ, ನನ್ನನ್ನು ಕೇಳಿದಳು: “ನೀ ನೋಡಿದ್ಯಲ್ಲ. ಹೆಂಗಿದ್ದ?”

“ಎಲ್ಲಾರೂ ರಾಜನ್ನ ನೋಡಾಕತ್ತಿದ್ರು. ನಿಮ್ಮಪ್ಪ ಒಬ್ಬಾಂವ ಕ್ಯಾಮೆರಾ ನೋಡಾಕತ್ತಿದ್ದ.”

“ಅದಕ್ಕ ದೊಡ್ಡ ಪಾರ್ಟು ಕೊಡಲಿಲ್ಲ ಬಿಡು,” ಎಂದು ಸೆರಗಿನಿಂದ ಕಣ್ಣೊರೆಸಿಕೊಂಡಳು. “ಮೂಗು? ನನ್ನಂಗ ಇತ್ತೇನು?”

ಈಗಲೂ ಗೋಡೆಯಾಚೆಯಿಂದ ಅದನ್ನೇ ಕೇಳುತ್ತಾಳೆ. ಆ ಮೂಗು ನೆನಪಿಸಿಕೊಳ್ಳಲು ನಾನು ಮನಸ್ಸಿನಲ್ಲಿ ಮತ್ತೆ ಆ ಹೊಗೆಯ ಕೋಣೆಗೇ ಹೋಗಬೇಕು. ಬೈದುಕೊಳ್ಳುತ್ತಲೇ ಹೋಗುತ್ತೇನೆ. ಆ ಮುಖ ಈಗ ಬೇರೆಲ್ಲೂ ಇಲ್ಲ.